ಬೇಡಿ ಪಡೆದ ಹೆಸರು

ಜವಳಗೇರಾದ ಸಾಲೆಯಲ್ಲಿ ಒಂದು ಕಾಲಕ್ಕೆ ಮಾಸ್ತರರು "ಪಕೀರಮ್ಮ" ಎಂದು ಹಾಜರಿ ಕರೆದರೆ ಮೂವರು ಹುಡುಗಿಯರು ಒಟ್ಟಿಗೆ ಎದ್ದು ನಿಲ್ಲುತ್ತಿದ್ದರು. ಗಿಡ್ಡ ಪಕೀರಮ್ಮ, ಕಟ್ಟಿಮನಿ ಪಕೀರಮ್ಮ, ಕಾಲುವಿ ಪಕೀರಮ್ಮ. ನಾನು ಹೇಳಹೊರಟಿರುವುದು ಕಾಲುವೆಯ ದಂಡೆಯ ಮೇಲೆ ಮನೆಯಿದ್ದ ಈ ಮೂರನೆಯವಳ ವಿಷಯ. ಈಗ ಅದೇ ಸಾಲೆಯ ಬಾಗಿಲಲ್ಲಿ ನಿಂತು ಆ ಹೆಸರು ಕೂಗಿ ನೋಡಿ, ಯಾವ ಮಗುವೂ ತಲೆ ಎತ್ತುವುದಿಲ್ಲ. ಯಾರೋ ಅಜ್ಜಿಯನ್ನು ಹುಡುಕಿಕೊಂಡು ಬಂದಿರಬೇಕು ಎಂದುಕೊಂಡು ಸುಮ್ಮನಾಗುತ್ತವೆ.

ಫಕೀರ ಎಂದರೆ ತನ್ನದೆಂಬುದು ಏನೂ ಇಲ್ಲದವನು, ದೇವರ ಮುಂದೆ ಕೈಯೊಡ್ಡಿ ನಿಂತವನು. ಅರಬ್ಬಿಯ ಈ ಮಾತು ಉರ್ದುವಿನ ಕೈ ಹಿಡಿದು ಈ ಸೀಮೆಗೆ ಬಂತು. ನಮ್ಮ ಹೆಂಗಸರು ಅದಕ್ಕೊಂದು ಅಮ್ಮ ಸೇರಿಸಿ ತೊಟ್ಟಿಲಿಗೆ ಹಾಕಿದರು. ಸುಮ್ಮನೆ ಹಾಕಲಿಲ್ಲ. ಕೂಸು ನಿಲ್ಲದ ಮನೆಗಳಿದ್ದವು. ಹುಟ್ಟಿದ್ದು ತಿಂಗಳು ತುಂಬುವುದರೊಳಗೆ ಮಣ್ಣು ಸೇರುತ್ತಿತ್ತು. ಅಂಥ ಮನೆಯವರು ಮುಂದಿನ ಕೂಸಿಗೆ ತಿಪ್ಪಮ್ಮ ಎಂದೋ ಅಡಿವೆಮ್ಮ ಎಂದೋ ಹೆಸರಿಟ್ಟು, ಇದು ಯಾರಿಗೂ ಬೇಡಾದದ್ದು ಎಂದು ಸಾವಿನ ಕಣ್ಣಿಗೆ ಮಣ್ಣೆರಚಲು ನೋಡುತ್ತಿದ್ದರು. ಇನ್ನು ಕೆಲವರು ಮೊಹರಂನಲ್ಲಿ ಮುದಗಲ್ಲಿಗೆ ಹೋಗಿ ಹಸೇನ್ ಹುಸೇನರ ಹೆಸರಿನ ಅಲಾಯಿ ದೇವರ ಮುಂದೆ ಸೆರಗೊಡ್ಡುತ್ತಿದ್ದರು. ಹಾಗೆ ಬೇಡಿ ಪಡೆದ ಕೂಸು ಗಂಡಾದರೆ ಪಕೀರಪ್ಪ, ಹೆಣ್ಣಾದರೆ ಪಕೀರಮ್ಮ.

ಕಾಲುವಿ ಪಕೀರಮ್ಮನ ತಾಯಿ ದುರುಗಮ್ಮನೂ ಹಾಗೆ ಸೆರಗೊಡ್ಡಿದವಳೇ. ಪಕೀರಮ್ಮನಿಗಿಂತ ಮುಂಚೆ ಹುಟ್ಟಿದ ಒಂದೂ ಉಳಿದಿರಲಿಲ್ಲ. ಇದು ಉಳಿಯಿತು. ಉಳಿದದ್ದಕ್ಕೆ ಕಟ್ಟಳೆಯೂ ಇತ್ತು. ವರ್ಷವರ್ಷ ಮೊಹರಂ ಬಂದಾಗ ಹುಡುಗಿಯ ಕೊರಳಿಗೆ ಲಾಡಿ ಎಂಬ ಕೆಂಪು ದಾರ ಹಾಕಿ, ಹೆಗಲಿಗೆ ಜೋಳಿಗೆ ಕೊಟ್ಟು ಐದು ಮನೆ ಬೇಡಿಸಬೇಕು. ಅವರ ಓಣಿಯಲ್ಲಿ ಐದನೆಯದು ಕೂಸಿನ ಸ್ವಂತ ಮನೆಯೇ ಆಗಬೇಕಿತ್ತು. ಹುಡುಗಿ ತನ್ನ ಮನೆಯ ಹೊಸ್ತಿಲಾಚೆ ನಿಂತು ಬೇಡಬೇಕು, ತಾಯಿ ಒಳಗಿನಿಂದ ಬೊಗಸೆ ಜೋಳ ತಂದು ನೀಡಿ, ಕೈ ಹಿಡಿದು ಒಳಗೆ ಕರೆದುಕೊಳ್ಳಬೇಕು. ಪಕೀರಮ್ಮನಿಗೆ ಇದೊಂದು ಆಟ. ದುರುಗಮ್ಮ ಮಾತ್ರ ಪ್ರತಿಸಲವೂ ಮಗಳನ್ನು ಒಳಗೆ ಎಳೆದುಕೊಂಡ ಕೂಡಲೇ ಬಾಗಿಲ ಅಗಳಿ ಹಾಕುತ್ತಿದ್ದಳು.

ಮದುವೆಯಾಗಿ ಮಸ್ಕಿಗೆ ಬಂದಾಗ ಅತ್ತೆಗೆ ಈ ಹೆಸರು ಹಿಡಿಸಲಿಲ್ಲ. ಸೊಸೆಗೆ ಚೆಂದದ್ದೊಂದು ಹೊಸ ಹೆಸರಿಡೋಣ ಎಂದಳು. ಪಕೀರಮ್ಮನಿಗೆ ಒಳಗೊಳಗೇ ಖುಷಿ. ಆದರೆ ದುರುಗಮ್ಮ ಹಂದರದ ಗೂಟ ಹಿಡಿದುಕೊಂಡು ನಿಂತುಬಿಟ್ಟಳು. ಆಗ ಮದುಮಗ ಅಯ್ಯಪ್ಪ, ಅಲ್ಲಿಯವರೆಗೆ ಹೆಂಡತಿಯ ಕಡೆ ಕಣ್ಣೆತ್ತಿಯೂ ನೋಡದವನು, ತಾಯಿಗೆ ಹೇಳಿದ: "ಇರ್ಲಿ ಬಿಡಬೇ ಯವ್ವಾ. ಹೆಸರ ತಗದ್ರ ಆ ಮುದುಕಿ ನಿದ್ದಿ ಮಾಡಂಗಿಲ್ಲ." ಹೊಸ ಹೆಸರಿನ ಆಸೆ ಕೈತಪ್ಪಿದರೂ ಪಕೀರಮ್ಮನಿಗೆ ಬೇಸರವಾಗಲಿಲ್ಲ. ಗಂಡ ಒಳ್ಳೆಯವನು ಎಂದು ಅವತ್ತೇ ಗೊತ್ತಾಯಿತು.

ಮುಂದೆ ಸಿಂಧನೂರಿನ ಆಸ್ಪತ್ರೆಯೊಂದರ ಹೆರಿಗೆ ವಾರ್ಡಿನಲ್ಲಿ ಅವಳಿಗೆ ಆಯಾ ಕೆಲಸ ಸಿಕ್ಕಿತು. ನಿವೃತ್ತಿಯವರೆಗೂ ಅಲ್ಲೇ ದುಡಿದಳು. ಹುಟ್ಟಿದ ಕೂಸನ್ನು ಬಟ್ಟೆಯಲ್ಲಿ ಸುತ್ತಿ ಕೊಡುವಾಗ "ಏನಂತ ಕರೀತೀರೆವ್ವಾ?" ಎಂದು ಕೇಳುವುದು ಅವಳ ಚಾಳಿ. ಮೊದಮೊದಲು ಹುಲಿಗೆಮ್ಮ, ಬಸವಣ್ಣೆಮ್ಮ, ನಡುವೆ ಒಬ್ಬೊಬ್ಬಳು ಪಕೀರಮ್ಮ. ಆಮೇಲೆ ಊರಿಗೆ ಊರೇ ಭಾಗ್ಯಶ್ರೀ, ನಂದಿನಿ. ಈಚೆಗೆ ಮೊಬೈಲಿನಲ್ಲಿ ಹುಡುಕಿ ತೆಗೆದ ಎರಡಕ್ಷರದ ಹೆಸರುಗಳು. ಅರ್ಥ ಕೇಳಿದರೆ ಹೆತ್ತವರೇ ಮುಖ ಮುಖ ನೋಡಿಕೊಳ್ಳುತ್ತಾರೆ. ನಿಮ್ಮ ಹೆಸರು ಈಗ ಯಾರೂ ಇಡುವುದಿಲ್ಲವಲ್ಲ ಎಂದು ನರ್ಸುಗಳು ಕಾಡಿಸಿದರೆ ಪಕೀರಮ್ಮ ನಗುತ್ತಿದ್ದಳು: "ಛಲೋನ ಆತು ಬಿಡ್ರೀ. ಕೂಸು ಉಳ್ಯಾಕತ್ತಾವು. ಮತ್ಯಾಕ ಬೇಡಬೇಕು?"

ಅವಳೂ ತನ್ನ ಮಗಳಿಗೆ ಗಾಳಿ ಬೀಸಿದ ಕಡೆಯೇ ತೂರಿಕೊಂಡು ನಂದಿನಿ ಎಂದೇ ಹೆಸರಿಟ್ಟಿದ್ದಳು. ಆ ನಂದಿನಿ ಸಾಲೆಗೆ ಹೋಗುವಾಗ ಒಂದು ದಿನ ಅಳುತ್ತ ಬಂದಳು. ಗೆಳತಿಯರು "ನಿಮ್ಮವ್ವ ಪಕೀರಿ, ಬೇಡಾಕಿ" ಎಂದು ಆಡಿಕೊಂಡಿದ್ದರು. ಮರುದಿನದಿಂದ ಅವಳು ತನ್ನ ತಾಯಿಯ ಹೆಸರು ಸುನಂದಾ ಎಂದು ಹೇಳತೊಡಗಿದಳು. ಸಾಲೆಯ ಸಭೆಗೆ ಹೋದಾಗ ಟೀಚರು "ಸುನಂದಮ್ಮ" ಎಂದು ಕರೆದರೆ ಪಕೀರಮ್ಮ ಒಂದು ಗಳಿಗೆ ತಡೆದು, "ಹಾಂ ರೀ" ಎಂದು ಎದ್ದು ನಿಂತಳು. ಹಾದಿಯಲ್ಲಿ ಮಗಳನ್ನು ಬಯ್ಯಲಿಲ್ಲ. ಅದೇ ಸುನಂದಮ್ಮ ಕಾಲೇಜಿಗೂ ಬಂದಳು, ಮದುವೆಯ ಲಗ್ನಪತ್ರಿಕೆಗೂ ಬಂದಳು, ಲಿಂಗಸುಗೂರಿನಲ್ಲಿ ನಂದಿನಿ ಟೀಚರಾಗಿ ಸಂಸಾರ ಹೂಡಿದ ಕಾಲೊನಿಗೂ ಬಂದಳು. ನೋವಾಗುತ್ತಿರಲಿಲ್ಲವೆಂದರೆ ಸುಳ್ಳು. ಆದರೆ ಪಕೀರಮ್ಮ ಅದನ್ನು ಯಾರ ಮುಂದೆಯೂ ಆಡಲಿಲ್ಲ.

ಈ ವರ್ಷ ಏನಾಯಿತೆಂದರೆ, ನಂದಿನಿಗೆ ದಿನ ತುಂಬುವ ಮೊದಲೇ ಹೆರಿಗೆಯಾಯಿತು. ಹಿಂದೆ ಎರಡು ಸಲ ಹೊಟ್ಟೆಯಲ್ಲೇ ಕೂಸು ಹೋಗಿತ್ತು. ಇದು ಹೆಣ್ಣು, ಅಂಗೈಯಷ್ಟು ಎದೆ, ಗಾಜಿನ ಪೆಟ್ಟಿಗೆಯೊಳಗೆ ಮಲಗಿತ್ತು. ಎಷ್ಟೋ ತಾಯಂದಿರಿಗೆ "ಪೆಟ್ಟಿಗ್ಯಾಗ ಇಟ್ಟ ಕೂಸು ಉಳೀತಾವು, ಅಳಬ್ಯಾಡ" ಎಂದು ಧೈರ್ಯ ಹೇಳಿದ್ದ ಪಕೀರಮ್ಮನಿಗೆ ತನ್ನ ಪಾಲಿಗೆ ಬಂದಾಗ ಆ ಮಾತು ನೆನಪಾಗಲಿಲ್ಲ. ಯಾರಿಗೂ ಹೇಳದೆ ಮುದಗಲ್ಲಿನ ಬಸ್ಸು ಹತ್ತಿದಳು. ಮೊಹರಂ ಇನ್ನೂ ದೂರವಿತ್ತು, ಅಲಾಯಿ ದೇವರ ಗುಡಿಗೆ ಬೀಗ ಹಾಕಿತ್ತು. ಮುಚ್ಚಿದ ಬಾಗಿಲಿಗೇ ಹಣೆ ಹಚ್ಚಿ, "ಕೂಸು ಉಳಿಸು ನನ್ನಪ್ಪಾ, ಪಕೀರಮ್ಮ ಅಂತನ ಹೆಸರ ಇಡ್ತೀನಿ" ಎಂದುಬಿಟ್ಟಳು.

ಕೂಸು ಉಳಿಯಿತು. ಮೈ ತುಂಬಿಕೊಂಡು ಮನೆಗೂ ಬಂತು. ನಂದಿನಿಯ ಗಂಡ ಭೀಮೇಶ, ಗೋಡೆಯ ಮೇಲೆ ಬುದ್ಧನ ಪಟ ಹಾಕಿದ ಮನೆಯವನು, ಯಶೋಧರಾ ಎಂಬ ಹೆಸರನ್ನು ಎಂದೋ ತೆಗೆದಿಟ್ಟಿದ್ದ. ಕೀರ್ತಿಯನ್ನು ಧರಿಸಿದವಳು ಎಂದರ್ಥ. ಮೊಹರಂ ಮುಗಿದ ಮುಂದಿನ ಭಾನುವಾರ ತೊಟ್ಟಿಲು ಎಂದು ನಿಶ್ಚಯವಾಯಿತು. ಬಾಣಂತನಕ್ಕೆಂದು ಬಂದಿದ್ದ ಪಕೀರಮ್ಮನಿಗೆ ಅನ್ನ ಸೇರದಾಯಿತು. ಹೇಳಿದರೆ, ತಾನೇ ಹೊರಲಾರದೆ ಹೊತ್ತ ಹೆಸರನ್ನು ಮೊಮ್ಮಗಳ ಕೊರಳಿಗೆ ಕಟ್ಟಿದಂತೆ. ಹೇಳದಿದ್ದರೆ ಮಾತಿಗೆ ತಪ್ಪಿದಂತೆ. ತಪ್ಪಿದರೆ ಕೊಟ್ಟವನು ಕೂಸನ್ನು ಮರಳಿ ಕೇಳಿದರೆ? ಕೂಸು ಸೀನಿದರೂ ಎದ್ದು ಹೋಗಿ ಹಣೆ ಮುಟ್ಟಿ ನೋಡುತ್ತಿದ್ದಳು.

ಮೊಹರಂ ಬಂದಾಗ ತಡೆಯಲಾರದೆ ಮತ್ತೆ ಮುದಗಲ್ಲಿಗೆ ಹೋದಳು. ಗುಡಿ ನೋಡಿಕೊಳ್ಳುವ ಮುಜಾವರ ಹುಸೇನ್‌ಸಾಬ್ ನವಿಲುಗರಿ ಹಿಡಿದು ಬಂದವರಿಗೆಲ್ಲ ಊದಿನ ಬೂದಿ ಕೊಡುತ್ತಿದ್ದ ಮುದುಕ. ಅವನ ಮುಂದೆ ಕುಳಿತು ಎಲ್ಲವನ್ನೂ ಹೇಳಿದಳು.

"ಹೆಸರ ಇಡಾಕ ಜೀವ ಒಪ್ಪವಲ್ದು, ಬಿಡಾಕ ಧೈರ್ಯ ಸಾಲವಲ್ದು. ಏನ್ ಮಾಡ್ಲೆಣ್ಣಾ?"

ಹುಸೇನ್‌ಸಾಬ್ ಗರಿಯ ದೂಳು ಕೊಡವಿ ಕೇಳಿದ. "ಬೇಡಿದಾಕಿ ಯಾರವಾ?"

"ನಾನ."

"ಹಂಗಾರ ಪಕೀರ ಆಗಬೇಕಾದಾಕಿ ನೀನ. ಕೂಸಿನ ಕೊಳ್ಳಾಗ ಯಾಕ ಹಾಕ್ತಿ? ಆ ಹೆಸರ ನಿನ್ನ ಹತ್ರ ಮೊದಲ ಐತಿ. ಲಾಡಿ ಹಾಕ್ಕೊಂಡು ಐದು ಮನಿ ಬೇಡು. ನಿಮ್ಮ ಕಟ್ಟಳಿ ಗೊತ್ತೈತಲ್ಲ, ಕಡೀ ಮನಿ ಕೂಸಿನ ಮನಿ."

ಮಾತು ಸರಳವಾಗಿತ್ತು, ಕೆಲಸ ಸರಳವಾಗಿರಲಿಲ್ಲ. ನಾಲ್ಕು ಮನೆಯನ್ನು ಮುದಗಲ್ಲಿನಲ್ಲೇ ಬೇಡಿದಳು. ಅಲ್ಲಿ ಮೊಹರಂನಲ್ಲಿ ಪಕೀರರಿಗೆ ಬರವಿಲ್ಲ, ಯಾರೂ ಮುಖ ನೋಡುವುದಿಲ್ಲ. ಐದನೆಯದು ಲಿಂಗಸುಗೂರಿನ ಆ ಕಾಲೊನಿಯಲ್ಲಿತ್ತು. ಬೇಡಾಕಿ ಎಂಬ ಮಾತಿಗೆ ಹೆದರಿ ಮಗಳು ತಾಯಿಯ ಹೆಸರನ್ನೇ ಬದಲಿಸಿ ಬದುಕಿದ ಜಾಗವದು. ಬಸ್ಸಿನಲ್ಲಿ ಕುಳಿತಾಗ ಲಾಡಿಯನ್ನು ಸೆರಗಿನಡಿ ಮುಚ್ಚಿಕೊಂಡಿದ್ದಳು. ಮನೆ ಹತ್ತಿರವಾದಾಗ ಸೆರಗು ಸರಿಸಿದಳು. ಮುಚ್ಚಿಕೊಂಡು ಬೇಡಿದರೆ ಹರಕೆ ಸಲ್ಲುವುದಿಲ್ಲ.

ಹಗಲು ಹನ್ನೊಂದರ ಬಿಸಿಲು. ಗೇಟಿನೊಳಗೆ ಹೋಗಿ ಹೊಸ್ತಿಲಾಚೆ ನಿಂತು, ಜೋಳಿಗೆ ಒಡ್ಡಿ ಕೂಗಿದಳು: "ಹಸೇನ್ ಹುಸೇನ್ ಹೆಸರ್ಲೆ ನೀಡ್ರೀ."

ಕೂಸನ್ನು ಎತ್ತಿಕೊಂಡು ಬಂದ ನಂದಿನಿ ತಾಯಿಯ ಕೊರಳಿನ ದಾರ ನೋಡಿದಳು, ಜೋಳಿಗೆ ನೋಡಿದಳು.

"ಏನಿದು ಯವ್ವಾ?"

"ಪೆಟ್ಟಿಗ್ಯಾಗ ಇದ್ದಾಗ ಬೇಡ್ಕೊಂಡಿದ್ದೆ. ಉಳಿದ್ರ ನನ್ನ ಹೆಸರ ಇಡ್ತೀನಂತ ಅಂದುಬಿಟ್ಟಿದ್ದೆ. ಇಡಬ್ಯಾಡ ನಂದಾ, ನೀವು ಇಟ್ಟಿದ್ದ ಇರ್ಲಿ. ಒಂದು ಹಿಡಿ ಜ್ವಾಳ ನೀಡು, ನನ್ನ ಹರಕಿ ಮುಗೀತದ. ಯಾರೂ ನೋಡೂದ್ರಾಗ ನೀಡು."

ನಂದಿನಿ ಕೂಸನ್ನು ಎತ್ತಿಕೊಂಡೇ ಒಳಗೆ ಹೋದಳು. ಪಕೀರಮ್ಮ ತಲೆ ತಗ್ಗಿಸಿ ನಿಂತಳು. ಸಿಟ್ಟಾದಳು, ಬಾಗಿಲು ಹಾಕುತ್ತಾಳೆ ಎಂದುಕೊಂಡಳು. ಆದರೆ ನಂದಿನಿ ಮೊರದಲ್ಲಿ ಜೋಳ ಹಾಕಿಕೊಂಡು ಹೊರಗೆ ಬಂದು, ಹೊಸ್ತಿಲ ಮೇಲೆ ಮಂಡಿಯೂರಿ ಕುಳಿತಳು. ಕೂಸಿನ ಮುಚ್ಚಿದ ಮುಷ್ಟಿಯನ್ನು ಮೆಲ್ಲಗೆ ಬಿಡಿಸಿ ನಾಲ್ಕು ಕಾಳು ಇಟ್ಟು, ಆ ಕೈಯನ್ನು ಜೋಳಿಗೆಯ ಮೇಲೆ ಹಿಡಿದಳು.

"ಇಕಿನ್ನ ಬೇಡಿ ತಂದಾಕಿ ನೀ. ಇಕೀನ ನೀಡ್ಲಿ," ಎಂದಳು. ಅವಳ ಕಣ್ಣೀರು ಕೂಸಿನ ಅಂಗಿಯ ಮೇಲೆ ಬೀಳುತ್ತಿತ್ತು.

ಕಾಳು ಜೋಳಿಗೆಗೆ ಬಿದ್ದವು. ಒಂದು ಮಾತ್ರ ಆ ಪುಟ್ಟ ಅಂಗೈಗೆ ಅಂಟಿಕೊಂಡಿತ್ತು. ಪಕೀರಮ್ಮ ಅದನ್ನು ಬೆರಳಿನಿಂದ ಬಿಡಿಸಿಕೊಂಡಳು. ಹರಕೆ ತೀರಿತೆಂದು ಅಲ್ಲೇ ಕುಳಿತು ಜೋಳಿಗೆಯ ಬಾಯಿ ಕಟ್ಟಿದಳು.

ಅಷ್ಟರಲ್ಲಿ ಪಕ್ಕದ ಮನೆಯ ಶಾಹೀಸ್ತಾ ಗೋಡೆಯ ಮೇಲಿಂದ ಇಣುಕಿದಳು. "ಯಾರವ್ರು, ಪಕೀರ ಆಗ್ಯಾರಲ್ಲ? ಸುನಂದಮ್ಮಾರ ಏನು?"

ಪಕೀರಮ್ಮನ ಕೈ ತಾನಾಗಿ ಸೆರಗಿನ ಕಡೆ ಹೋಯಿತು. ನಂದಿನಿ ಆ ಕೈಯನ್ನು ಹಿಡಿದು, ತಾಯಿಯನ್ನು ಎಬ್ಬಿಸಿ ಹೊಸ್ತಿಲು ದಾಟಿಸುತ್ತ, ಓಣಿಗೆ ಕೇಳುವಂತೆ ಹೇಳಿದಳು:

"ಸುನಂದಮ್ಮ ಅಲ್ರೀ ಭಾಬಿ. ನಮ್ಮವ್ವನ ಹೆಸರ ಪಕೀರಮ್ಮ."