ಎದುರಾಳಿಯ ಮಾತು ಮೊದಲು

ಇವತ್ತು ಬೆಳಿಗ್ಗೆ ಡಬ್ಲಿನ್ ಪಕ್ಕದ ನಮ್ಮ ಸ್ವೋರ್ಡ್ಸ್ ಊರಿನ ಅಂಗಡಿಯಲ್ಲಿ ನುಚ್ಚಿನುಂಡೆಗೆಂದು ಸಬ್ಬಸಿಗೆ ಸೊಪ್ಪು ಆರಿಸುತ್ತಿದ್ದೆ. ಇಲ್ಲಿ ಅದನ್ನು ನಾಲ್ಕೇ ನಾಲ್ಕು ಕಡ್ಡಿ ಪ್ಲಾಸ್ಟಿಕ್ಕಿನಲ್ಲಿ ಸುತ್ತಿ, ಮೀನಿನ ಪಕ್ಕದಲ್ಲಿ ಮಲಗಿಸಿರುತ್ತಾರೆ. ದೇವರಾಜ ಮಾರುಕಟ್ಟೆಯ ಸೊಪ್ಪಿನವಳು ನೋಡಿದರೆ ನಕ್ಕಾಳು. ಮೂಗಿಗೆ ಹಿಡಿದೆ. ನ್ಯಾಯವಾಗಿ ಮೈಸೂರು ನೆನಪಾಗಬೇಕಿತ್ತು. ನೆನಪಾದದ್ದು ಸ್ಯಾಂಟ್ರಿ ಬಡಾವಣೆಯ ಮಿರಿಯಂ ಆಂಟಿಯ ಅಡುಗೆಮನೆ. ಸಬ್ಬಸಿಗೆ ಹಾಕಿ ಉಪ್ಪುನೀರಿನಲ್ಲಿ ಮುಳುಗಿಸಿದ ಸೌತೆಕಾಯಿಯ ಜಾಡಿ ಅಲ್ಲಿ ಯಾವಾಗಲೂ ಇರುತ್ತಿತ್ತು.

ಆಂಟಿ ಎಂದು ಹೆಸರಿಟ್ಟವಳು ನಾನೇ. ಈ ದೇಶದಲ್ಲಿ ಎಂಬತ್ತು ದಾಟಿದ ಮುದುಕಿಯನ್ನೂ ಹೆಸರು ಹಿಡಿದೇ ಕೂಗಬೇಕು; ನನ್ನ ನಾಲಿಗೆ ಅದಕ್ಕೆ ಒಗ್ಗಲಿಲ್ಲ. "ನಾನು ನಿನಗೆ ಯಾವ ಲೆಕ್ಕದಲ್ಲಿ ಆಂಟಿ?" ಎಂದು ಕೇಳಿದರು. ನಮ್ಮ ಕಡೆ ಬಸ್ಸಿನಲ್ಲಿ ಸ್ವಲ್ಪ ಸರಿದು ಜಾಗ ಕೊಟ್ಟವರೂ ಆಂಟಿಯೇ, ನೀವು ಮನೆಯನ್ನೇ ಕೊಟ್ಟಿದ್ದೀರಿ ಎಂದೆ. ಮದುವೆಯಾಗಿ ಡಬ್ಲಿನ್‌ಗೆ ಬಂದ ಹೊಸತರಲ್ಲಿ ನಾನು, ರಘು ಅವರ ಮಹಡಿಯಲ್ಲಿ ಬಾಡಿಗೆಗಿದ್ದೆವು. ಅವರು ಯೆಹೂದಿ, ಅವರ ಅಜ್ಜ ಲಿಥುವೇನಿಯಾದಿಂದ ಹಡಗು ಹತ್ತಿ ಬಂದವರು. ಆಂಟಿ ಕಾಲೇಜಿನಲ್ಲಿ ರಾಜಕೀಯ ತತ್ವಶಾಸ್ತ್ರ ಕಲಿಸಿ ನಿವೃತ್ತರಾಗಿದ್ದರು. ನಿವೃತ್ತಿ ಕಾಲೇಜಿನಿಂದ ಮಾತ್ರ, ಕಲಿಸುವುದರಿಂದ ಅಲ್ಲ. ಇನ್ನು ಮನೆಯಲ್ಲೇ ಇಬ್ಬರು ಬಾಡಿಗೆದಾರರು ಸಿಕ್ಕರೆ ಬಿಟ್ಟಾರೆಯೇ?

ನನಗೂ ಗೊತ್ತು ಎಂದು ತೋರಿಸಿಕೊಳ್ಳುವ ಚಟ ನನ್ನದು. ಪಿಯುಸಿಯಲ್ಲಿ ಓದಿದ ಸಾಮಾಜಿಕ ಒಪ್ಪಂದವನ್ನು ಒಂದು ಸಂಜೆ ಅವರಿಗೆ ಒಪ್ಪಿಸಿದೆ: ಯೂರೋಪಿನ ಮೂವರು ಪಂಡಿತರು, ಮೂರು ಸಿದ್ಧಾಂತ, ಐದು ಅಂಕ. ಆಂಟಿ ನಕ್ಕರು. ಅವರು ಹೇಳಿದ್ದು ಇಂಗ್ಲಿಷಿನಲ್ಲಿ. ನನ್ನ ನೆನಪಿನಲ್ಲಿ ಅದು ಕನ್ನಡವಾಗಿಬಿಟ್ಟಿದೆ.

"ಆ ಕಾಲದ ಪಂಡಿತರು ಹೀಬ್ರೂ ಕಲಿತು, ನಮ್ಮ ರಬ್ಬಿಗಳ, ಅಂದರೆ ಧರ್ಮಗುರುಗಳ, ವ್ಯಾಖ್ಯಾನ ತೆರೆದುಕೊಂಡು, ರಾಜನಿಲ್ಲದೆ ಜನ ಹೇಗೆ ಬದುಕಿದ್ದರು ಅಂತ ಹುಡುಕುತ್ತಿದ್ದರು. ನಿನ್ನ ಪುಸ್ತಕದಲ್ಲಿ ಇದು ಇತ್ತಾ?"

ಇರಲಿಲ್ಲ. ಅವರ ಧರ್ಮಗ್ರಂಥದಲ್ಲಿ, ಬೆಟ್ಟದ ಬುಡದಲ್ಲಿ ಯೆಹೂದಿ ಜನರೆಲ್ಲ ನಿಂತು ಆಗಲಿ ಎಂದ ಮೇಲೆಯೇ ದೇವರ ಕಾನೂನು ಬಂತಂತೆ; ದೇವರಿಗೂ ಪ್ರಜೆಗಳ ಒಪ್ಪಿಗೆ ಬೇಕಾಯಿತಂತೆ. ಎಷ್ಟು ಚೆನ್ನಾಗಿದೆ ಎಂದೆ. ಚೆನ್ನಾಗಿದೆ ಅಂದರೆ ಆಂಟಿಗೆ ಆಗುತ್ತಿರಲಿಲ್ಲ. "ತಡಿ, ಇನ್ನೊಂದು ಕಥೆಯನ್ನೂ ನಮ್ಮವರೇ ಬರೆದಿಟ್ಟಿದ್ದಾರೆ. ದೇವರು ಆ ಬೆಟ್ಟವನ್ನು ಕಿತ್ತು ಜನರ ತಲೆಯ ಮೇಲೆ ಹಿಡಿದನಂತೆ. ಒಪ್ಪಿದರೆ ಸರಿ, ಇಲ್ಲದಿದ್ದರೆ ಇಲ್ಲೇ ಸಮಾಧಿ ಅಂದನಂತೆ. ಹೆದರಿಸಿ ಪಡೆದ ಒಪ್ಪಿಗೆ ಒಪ್ಪಿಗೆಯಾ, ಹೇಳು?"

ರಘುವಿಗೆ ಬೇರೊಂದು ಕಥೆ ಇಷ್ಟ. ಆಮ್‌ಸ್ಟರ್‌ಡ್ಯಾಮಿನ ಒಬ್ಬ ಯೆಹೂದಿ ಯುವಕ, ಧರ್ಮಗ್ರಂಥವನ್ನು ಸ್ವಂತ ಬುದ್ಧಿಯಿಂದ ಓದಿದ್ದಕ್ಕೆ ಅವನ ಸಮಾಜವೇ ಅವನಿಗೆ ಬಹಿಷ್ಕಾರ ಹಾಕಿತು. ಅವನು ಮಸೂರದ ಗಾಜು ಉಜ್ಜಿ ಹೊಟ್ಟೆ ಹೊರೆಯುತ್ತ ಬರೆದ. ಮನುಷ್ಯ ತನ್ನ ಯೋಚನೆಯನ್ನು ಸರ್ಕಾರಕ್ಕೆ ಒಪ್ಪಿಸುತ್ತೇನೆಂದು ಹೊರಟರೂ ಒಪ್ಪಿಸಲಾರ ಎಂಬುದು ಅವನ ವಾದವಂತೆ. ಇವತ್ತು ನಾವು ವಾಕ್ ಸ್ವಾತಂತ್ರ್ಯ ಎಂದು ಕೂಗಾಡುವುದರ ಒಂದು ಬೇರು ಆ ಗಾಜಿನ ಪುಡಿಯಲ್ಲಿದೆ ಎನ್ನುತ್ತಿದ್ದರು ಆಂಟಿ. ಅವನನ್ನು ಹೊರಹಾಕಿದವರ ಭಯವನ್ನೂ ಅಷ್ಟೇ ಶ್ರದ್ಧೆಯಿಂದ ವಿವರಿಸುತ್ತಿದ್ದರು. ಬೇರೆ ದೇಶದಿಂದ ಓಡಿ ಬಂದು ಈಗಷ್ಟೇ ಕಾಲೂರಿದ ಜನ, ಹುಡುಗನೊಬ್ಬನ ಮಾತಿನಿಂದ ಇದ್ದ ನೆಲೆಯೂ ಹೋದೀತೆಂದು ನಡುಗಿದ್ದರಂತೆ. "ಅವರು ಮಾಡಿದ್ದು ತಪ್ಪು. ಆದರೆ ಮೊದಲು ಅವರ ಮಾತು ಕೇಳಬೇಕು."

ಅದು ಅವರ ಮೇಜಿನ ಕಾನೂನು. ಯಾರನ್ನಾದರೂ ಖಂಡಿಸಬೇಕಾದರೆ ಮೊದಲು ಅವರ ಪಕ್ಷವನ್ನು ನೀನೇ ಹೇಳಬೇಕು. ಎದುರಿನವರು ಇಲ್ಲಿನ ರೂಢಿಯಂತೆ "ಗ್ರ್ಯಾಂಡ್, ಸರಿಯಾಗಿದೆ, ನಾನು ಹೇಳಿದ್ದು ಅದೇ" ಎನ್ನುವವರೆಗೆ ನಿನ್ನ ಸರದಿ ಬರುವುದಿಲ್ಲ. ಹಳೆಯ ಕಾಲದ ರಬ್ಬಿಗಳ ಎರಡು ಪಂಗಡಗಳಲ್ಲಿ ಒಂದು ಗೆದ್ದದ್ದೇ ಎದುರಾಳಿಯ ಮಾತನ್ನು ತನ್ನ ಮಾತಿಗಿಂತ ಮೊದಲು ಹೇಳುತ್ತಿದ್ದ ಕಾರಣಕ್ಕಂತೆ. ನನ್ನನ್ನು ತವರಿನಲ್ಲಿ ಲಾಯರಮ್ಮ ಎನ್ನುತ್ತಿದ್ದರು. ಎದುರಿನವರು ಬಾಯಿ ತೆರೆಯುವ ಮೊದಲೇ ತೀರ್ಪು ಕೊಡುವವಳು. ಆ ಮೇಜಿನಲ್ಲಿ ನನ್ನ ಪಾಡು ನಾಯಿಪಾಡಾಗುತ್ತಿತ್ತು. ಆಂಟಿ ಹೋಗಿ ಕೆಲವು ವರ್ಷಗಳಾದವು. ಕಾನೂನು ಅವರ ಜೊತೆಗೇ ಹೋಯಿತೆಂದು ನಾನು ಸ್ವಲ್ಪ ನಿರಾಳವಾಗಿಯೂ ಇದ್ದೆ.

ಇಲ್ಲಿನ ಯಾವ ಕನ್ನಡದವರ ಮನೆಗೆ ಊಟಕ್ಕೆ ಹೋಗಿ, ಪಾಯಸ ಬರುವುದರೊಳಗೆ ಪಾಸ್‌ಪೋರ್ಟಿನ ಮಾತು ಬರುತ್ತದೆ. ಐರಿಶ್ ಪೌರತ್ವ ತಗೊಂಡರೆ ಭಾರತದ್ದನ್ನು ಬಿಡಬೇಕು. ರಘು ತಗೊಳ್ಳುತ್ತೇನೆಂದ. ನಾನು ಬೇಡವೆಂದೆ. ಕಳೆದ ಚಳಿಗಾಲವಿಡೀ ನಮ್ಮ ಮನೆಯಲ್ಲಿ ಅದೇ ಗಲಾಟೆ. ಆಮೇಲೆ ಗಲಾಟೆಯೂ ನಿಂತು, ಉಪ್ಪು ಕೊಡು, ಬಾಗಿಲು ಹಾಕು ಎನ್ನುವಷ್ಟಕ್ಕೆ ಸಂಸಾರ ಇಳಿಯಿತು. ನನಗೆ ನಿಜವಾಗಿ ಹೆದರಿಕೆಯಾಗಿತ್ತು. ಮಗಳು ದಿಯಾ ಒಂದು ಮಧ್ಯಾಹ್ನ ಊಟದ ತಟ್ಟೆ ಸರಿಸಿ, "ಆರ್ ಯೂಸ್ ಸ್ಪ್ಲಿಟಿಂಗ್ ಅಪ್?" ಎಂದು, ನೀವಿಬ್ಬರೂ ಬೇರೆಯಾಗ್ತಿದ್ದೀರಾ ಅಂತ, ಅಪ್ಪಟ ಡಬ್ಲಿನ್ ರಾಗದಲ್ಲಿ ಕೇಳಿದಳು.

ಅವಳು ಆಡಲು ಹೊರಗೆ ಹೋದ ಮೇಲೆ ರಘು ಹೇಳಿದ: "ಆಂಟಿ ಥರ ಮಾಡೋಣ. ನನ್ನ ಪಕ್ಷ ನೀನು ಹೇಳು."

"ಕ್ಯೂ ಇಲ್ಲ, ವೀಸಾ ಇಲ್ಲ, ಯೂರೋಪೆಲ್ಲಾ ಸುತ್ತಬಹುದು. ಅದಕ್ಕೆ ನಿಂಗೆ ಬೇಕು."

"ಅದಲ್ಲ."

"ಕೆಲಸ ಹೋದ್ರೂ ಇಲ್ಲೇ ಇರಬಹುದು. ದಿಯಾಗೆ ಒಳ್ಳೇದು."

"ಅದೂ ಅಲ್ಲ ಕಣೇ."

ನನಗೆ ರೇಗಿತು. "ಮತ್ತೇನು? ಭಯಕ್ಕೆ ತಗೊಳ್ತಿದೀಯ. ಬೆಟ್ಟ ತಲೆ ಮೇಲೆ ಹಿಡಿದಾಗ ಹೂಂ ಅನ್ನೋದು ಒಪ್ಪಿಗೆನಾ?"

"ಆ ಬೆಟ್ಟ ನನ್ನ ತಲೆ ಮೇಲೆ ಆಗ್ಲೇ ಒಂದ್ಸಲ ಬಿದ್ದಿದೆ," ಎಂದ. ದನಿ ಏರಿಸಲೂ ಇಲ್ಲ.

ಆಗ ಹೊಳೆಯಿತು. ಅತ್ತೆ ತೀರಿಕೊಂಡಾಗ ಅವನ ರೆಸಿಡೆನ್ಸ್ ಕಾರ್ಡಿನ ಅವಧಿ ಮುಗಿದು ಹೊಸದು ಕೈಗೆ ಬಂದಿರಲಿಲ್ಲ. ದೇಶ ಬಿಟ್ಟರೆ ವಾಪಸ್ ಬರುವ ಖಾತ್ರಿಯಿಲ್ಲ. ನಾನು ಬಾಣಂತಿ, ಮಗು ಎಳೆಯದು. ಅವನು ಹೋಗಲಿಲ್ಲ. ತಾಯಿಗೆ ಕೊಳ್ಳಿಯಿಟ್ಟದ್ದು ಚಿಕ್ಕಪ್ಪನ ಮಗ. ಇವನು ಫೋನಿನಲ್ಲಿ ನೋಡಿದ. ಅವತ್ತು ಎಂದಿನಂತೆ ಮಗುವಿನ ಬಟ್ಟೆ ಒಗೆದು ಒಣಹಾಕಿದ್ದ. ತಡೆದುಕೊಂಡಿದ್ದಾನೆ ಎಂದು ನಾನು ಮೆಚ್ಚಿಕೊಂಡೂ ಇದ್ದೆ.

"ಅಮ್ಮ ಹೋದಾಗ ಹೋಗೋಕಾಗಲಿಲ್ಲ," ಎಂದೆ. "ಇನ್ಯಾವತ್ತೂ ಯಾರ ಸಾವಿಗೂ ಒಂದು ಕಾರ್ಡಿಗೆ ಕಾಯ್ತಾ ಕೂರಲ್ಲ ಅಂತ. ಅಲ್ವಾ?"

ಅವನು ತಲೆಯಾಡಿಸಿದ. ಗ್ರ್ಯಾಂಡ್ ಎನ್ನುವ ಬದಲು ಕಣ್ಣೊರೆಸಿಕೊಂಡ. ನನಗೂ ಅಳು ಬಂತು.

ಆಮೇಲೆ ನನ್ನ ಪಕ್ಷ ಅವನು ಹೇಳಿದ. ಒಂದೇ ಸಲಕ್ಕೆ ಸರಿಯಾಗಿ ಹೇಳಿಬಿಟ್ಟ. ಅಷ್ಟು ದಿನ ಕೇಳಿಸಿಕೊಂಡೇ ಇದ್ದ ಎಂದಾಯಿತು. "ನಿಮ್ಮಪ್ಪ ಮೇಷ್ಟ್ರು, ಎಲೆಕ್ಷನ್ ಡ್ಯೂಟಿ ಅಂದ್ರೆ ಹಬ್ಬ ಅಂದ್ಕೊಂಡೋರು. ಬೆರಳಿಗೆ ಹಚ್ಚೋ ಆ ವೋಟಿನ ಶಾಯಿ ನಿಂಗೆ ಬರೀ ಶಾಯಿ ಅಲ್ಲ. ತವರಿಗೆ ಹೋಗೋವಾಗ ವಿದೇಶಿಯರ ಸಾಲಲ್ಲಿ ನಿಲ್ಲೋದು ನಿನ್ ಕೈಲಿ ಆಗಲ್ಲ."

ಹೀಗೆಲ್ಲ ಆದ ಮೇಲೆ ಇಬ್ಬರಲ್ಲೊಬ್ಬರು ಸೋಲಬೇಕು, ಕಥೆಗಳಲ್ಲಿ ಹಾಗೇ ಅಲ್ಲವೇ? ನಾವು ಸೋಲಲಿಲ್ಲ. ಅವನು ತಗೊಳ್ಳುತ್ತಾನೆ, ನಾನು ತಗೊಳ್ಳುವುದಿಲ್ಲ. ಒಂದೇ ಮನೆಯಲ್ಲಿ ಎರಡು ದೇಶ. ಅವನ ಕಾರಣ ಗೊತ್ತಾಗಿಯೂ ನನಗೆ ಅದು ಸರಿಯೆಂದು ಪೂರ್ತಿ ಅನ್ನಿಸಿಲ್ಲ. ಆದರೆ ಈಗ ಅದು ಅವನ ಹಟವಾಗಿ ಕಾಣುವುದಿಲ್ಲ.

ನಾಳೆ ಅವನ ಪ್ರಮಾಣವಚನ. ದೊಡ್ಡ ಸಭಾಂಗಣದಲ್ಲಿ ನೂರಾರು ಜನ ಒಟ್ಟಿಗೆ ಎದ್ದು ನಿಂತು ಹೇಳಬೇಕು. ನಾನು ಉಂಡೆ ಕಟ್ಟುತ್ತಿದ್ದಾಗ ಬಂದು, "ನೀನು ಬರ್ಲೇಬೇಕು ಅಂತೇನಿಲ್ಲ. ನಿಂಗೆ ಬೇಜಾರಾಗತ್ತೆ," ಎಂದ.

"ಬರ್ತೀನಿ. ನೀವೆಲ್ಲ ಎದ್ದು ನಿಂತಾಗ ನಾನು ಕೂತೇ ಇರ್ತೀನಿ. ಹುಡುಕೋಕೆ ಸುಲಭ."

"ಗೆಸ್ಟುಗಳೆಲ್ಲ ಕೂತೇ ಇರ್ತಾರೆ ಕಣೇ. ಅಷ್ಟು ಜನದಲ್ಲಿ ಹೆಂಗೆ ಹುಡುಕ್ಲಿ?"

"ನಿಮ್ಮಮ್ಮ ಕೊಟ್ಟ ಕುಂಕುಮ ಬಣ್ಣದ ಸೀರೆ ಉಟ್ಕೊಂಡು ಬರ್ತೀನಿ," ಎಂದೆ. "ಅದು ಎಷ್ಟು ದೂರದಿಂದ್ಲೂ ಕಾಣತ್ತೆ."