ಬಿನ್ನವತ್ತಳೆಗೆ ಬಂದ ಕತ್ತರಿ

ಕೇರಳಕ್ಕೆ ಸೇರಿದ ಗಡಿನಾಡು ಸೀತಾಂಗೋಳಿಯಲ್ಲಿ ‘ಝೀನ್’ ಎಂಬ ಪುಟಾಣಿ ಪತ್ರಿಕೆಯನ್ನು ಕೈಯಿಂದಲೇ ಮಾಡಲು ಕಲಿಸುತ್ತಿದ್ದವರು ಒಬ್ಬ ನಿವೃತ್ತ ಕನ್ನಡ ಮಾಷ್ಟ್ರು. ಪ್ರವಾಸದ ನಡುವೆ ಒಂದು ಮಧ್ಯಾಹ್ನ ಅವರ ಕಮ್ಮಟದಲ್ಲಿ ನಾನೂ ಕುಳಿತೆ. ಹಾಳೆಯನ್ನು ಎಂಟಾಗಿ ಮಡಚಿ, ಮಡಿಕೆಯ ಮೇಲೆ ಉಗುರೆಳೆದು, ನಡುವೆ ಒಂದೇ ಕತ್ತರಿ ಹಾಕುವುದು. ಪ್ರತಿ ಮಡಿಕೆಗೂ ಅವರು ಕನ್ನಡಕದ ಮೇಲಿಂದ ನೋಡಿ, “ಗಡಿಬಿಡಿ ಎಂತ ಉಂಟು?” ಎನ್ನುತ್ತಿದ್ದರು. ಗಡಿಬಿಡಿ ಯಾರಿಗೂ ಇರಲಿಲ್ಲ.

ನನ್ನ ಸರದಿಗೆ ಹಾಳೆ ಮುಗಿಯಿತು. ಮಾಷ್ಟ್ರು ಕಪಾಟಿನಿಂದ ತಮ್ಮ ಸನ್ಮಾನದ ಬಿನ್ನವತ್ತಳೆಯನ್ನೇ ತೆಗೆದುಕೊಟ್ಟರು. “ಹಿಂದೆ ಖಾಲಿ ಉಂಟು. ಕತ್ತರಿಸಿ.”

ತಿರುಗಿಸಿ ನೋಡಿದೆ. ಸನ್ಮಾನಿತರ ಮುಖವನ್ನೇ ನೋಡದೆ ಬಿನ್ನವತ್ತಳೆ ಬರೆದುಕೊಡುವ ಲೋಕಸೇವೆ ನನ್ನದು. ಇದು ನನ್ನದೇ ಕೃತಿ! ಮೈತುಂಬ ಕೆಂಪು ಶಾಯಿ. ‘ಅಜಾತಶತ್ರು’ವಿನ ಪಕ್ಕ ‘ನೆರೆಮನೆಯವರನ್ನು ಕೇಳಿ’, ‘ಮಿತಭಾಷಿ’ಯ ಪಕ್ಕ ‘ಹೆಂಡತಿ ನಕ್ಕಳು’. ಕೊನೆಗೆ ಹತ್ತರಲ್ಲಿ ಮೂರು ಅಂಕ.

“ಇದನ್ನು ಬರೆದವರು...?” ಎಂದೆ.

“ಯಾರೋ. ನನ್ನನ್ನು ಕಂಡವನಲ್ಲ.”

“ಮತ್ತೆ ಮೂರು ಅಂಕ ಯಾವುದಕ್ಕೆ?”

“ಹೆಸರು ಸರಿ ಬರೆದಿದ್ದಾನಲ್ಲ ಮಾರಾಯ್ರೇ! ರೇಶನ್ ಕಾರ್ಡಿನಲ್ಲಿ, ಪೆನ್ಶನ್ ಪುಸ್ತಕದಲ್ಲಿ ಮಲಯಾಳಕ್ಕೆ ಹೋಗಿ ನನ್ನ ಹೆಸರು ಬೇರೆಯೇ ಆಗಿದೆ. ಸರಿ ಇರುವುದು ಇದೊಂದರಲ್ಲೇ.”

“ಅಂಥದ್ದನ್ನು ಕತ್ತರಿಸಲಿಕ್ಕೆ ಕೊಡುವುದಾ?”

“ಮತ್ತೆ? ಅಷ್ಟು ದೂರದಿಂದ ಬಂದವರನ್ನು ಬರಿಗೈಯಲ್ಲಿ ಕಳಿಸಲಿಕ್ಕುಂಟಾ?”

ನಾನು ಕತ್ತರಿಯನ್ನು ಕೆಳಗಿಟ್ಟು, ಬಿಳಿ ಹಾಳೆ ತರಲು ಪೇಟೆಗೆ ಹೊರಟೆ.