ಓದಲು ಬರುವ ಚಿತ್ರ

ಅಂಗಡಿಗಳಿಗೆ ಬೋರ್ಡು ಬರೆದೇ ಅರ್ಧ ಆಯಸ್ಸು ಕಳೆದ ಅವಳನ್ನು ಬೀದಿಯವರೆಲ್ಲ ಬೋರ್ಡಕ್ಕ ಎಂದೇ ಕರೆಯುತ್ತಿದ್ದರು. ಕಸುಬು ಕಲಿಸಿದ್ದು ಅಪ್ಪ. ರಸ್ತೆಯ ಆಚೆ ಬದಿಯಿಂದ ಓದಲು ಬರದಿದ್ದರೆ ಅದು ಅಕ್ಷರವೇ ಅಲ್ಲ ಎಂದು ತಲೆಗೆ ಮೊಟಕಿ ಮೊಟಕಿ ಹೇಳಿಕೊಟ್ಟಿದ್ದ. ಐವತ್ತರ ಹತ್ತಿರ ಬಂದಾಗ ಆ ಪಾಠವೇ ಅವಳಿಗೆ ಮುಳುವಾಯಿತು.

ಅವಳಿಗೆ ಇಂಪ್ರೆಷನಿಸ್ಟ್ ಶೈಲಿಯ ಹುಚ್ಚು ಹಿಡಿದಿತ್ತು. ಗೆರೆ ಎಳೆಯುವಂತಿಲ್ಲ, ಬಣ್ಣ ಮೆತ್ತಿ ಮೆತ್ತಿ ಆ ಗಳಿಗೆಯ ಬೆಳಕನ್ನಷ್ಟೇ ಹಿಡಿಯಬೇಕು. ಮನೆಯೆದುರಿನ ಚೌಕ, ಬಸ್ಸು, ಜನ ಎಲ್ಲ ಹೇಗೋ ಬಂದವು. ಅಂಗಡಿಗಳ ಬೋರ್ಡಿಗೆ ಬಂದರೆ ಮಾತ್ರ ಕೈ ಮಾತು ಕೇಳದು. 'ಔಷಧಿ ಅಂಗಡಿ' ಎಂದು ನೆರಳು ಸಮೇತ ಬರೆದುಬಿಡುತ್ತಿತ್ತು. ಊರಿನಲ್ಲಿ ವರ್ಷಕ್ಕೊಮ್ಮೆ ನಡೆಯುವ ಪ್ರದರ್ಶನಕ್ಕೆ ಚಿತ್ರ ಆರಿಸುವ ಡ್ರಾಯಿಂಗ್ ಮೇಷ್ಟ್ರು ಅವಳ ಚಿತ್ರವನ್ನು ಎರಡು ವರ್ಷ ವಾಪಸು ಕಳಿಸಿದ್ದರು.

"ಬೆಳಕು ಚೆನ್ನಾಗಿದೆ ಕಣಮ್ಮ. ಆದ್ರೆ ಬಂದವ್ರು ಚಿತ್ರ ನೋಡಲ್ಲ, ಬೋರ್ಡ್ ಓದ್ತಾರೆ."

ಅವಳಿಗೆ ಮೈಯೆಲ್ಲ ಉರಿದುಹೋಯಿತು. ಮಾತು ನಿಜವಾಗಿದ್ದರಿಂದ ಇನ್ನೂ ಹೆಚ್ಚು ಉರಿಯಿತು.

ಈ ಸಲ ಹಲ್ಲು ಕಚ್ಚಿ ಕೂತಳು. ಬಿಸಿಲು ಚೌಕಕ್ಕೆ ಇಳಿಯುವ ಹೊತ್ತಿಗೆ, ದಿನಕ್ಕೆ ಇಪ್ಪತ್ತೇ ನಿಮಿಷದಂತೆ, ಹನ್ನೊಂದು ದಿನ ಬೆಳಗ್ಗೆ ಕೂತು ಬರೆದಳು. ಬೋರ್ಡುಗಳ ಸರದಿ ಬಂದಾಗ ಬಲಗೈಯನ್ನು ನಂಬದೆ ಎಡಗೈಯಲ್ಲಿ ಬ್ರಷ್ ಹಿಡಿದು, ಅವನ್ನು ಬರೀ ಕೆಂಪು, ಹಳದಿ ಮಚ್ಚೆಗಳಾಗಿಯೇ ಬಿಟ್ಟಳು. ಕೊನೆಗೂ ಗೆದ್ದೆ ಅನ್ನಿಸಿತು. ಅಂದೇ ಸಂಜೆ ಐದರೊಳಗೆ ಚಿತ್ರ ಒಪ್ಪಿಸಬೇಕಿತ್ತು. ಚೌಕಟ್ಟು ತರಲು ಬಡಗಿಯ ಹತ್ತಿರ ಓಡಿದಳು.

ಬಡಗಿ ಮಧ್ಯಾಹ್ನವೆಲ್ಲ ಕಾಯಿಸಿದ. ನಾಲ್ಕು ದಾಟಿದ ಮೇಲೆ ತಿರುಗಿ ಬಂದಾಗ ಅಪ್ಪ ಚಿತ್ರದ ಮುಂದೆ ಸ್ಟೂಲು ಹಾಕಿಕೊಂಡು ಬ್ರಷ್ ಒರೆಸುತ್ತಿದ್ದ. ಆರು ವರ್ಷದಿಂದ ಬ್ರಷ್ ಮುಟ್ಟದ ಮುದುಕ!

"ಅವಸರದಲ್ಲಿ ಬೋರ್ಡ್ ಬರೆಯೋದೇ ಮರ್ತಿದ್ಯಲ್ಲೇ. ಎಲ್ಲಾ ಬರ್ದಿದೀನಿ. ಯಾರಿಗೂ ಹೇಳಲ್ಲ, ತಗೊಂಡ್ಹೋಗು."

"ಹಾಳ್ಮಾಡಿಬಿಟ್ಯಲ್ಲಪ್ಪಾ!"

ಅಪ್ಪ ಕಣ್ಣು ಕಿರಿದು ಮಾಡಿ ಚಿತ್ರ ನೋಡಿದ. "ಯಾಕೆ, ಓದಕ್ಕೆ ಬರ್ತಿಲ್ವಾ?"

ಅವಳು ಬಣ್ಣ ಅಳಿಸುವ ಟರ್ಪೆಂಟೈನ್ ಬಟ್ಟೆ ಎತ್ತಿಕೊಂಡಳು. ಬಣ್ಣ ಇನ್ನೂ ಹಸಿ, ಅರ್ಧ ಗಂಟೆ ಸಮಯವೂ ಇತ್ತು. ಒರೆಸಲು ಬಗ್ಗಿದಳು. ಹಾಳಾದ್ದು, ಎಂಥ ಅಕ್ಷರ! ಮೂವತ್ತು ವರ್ಷ ಬರೆದರೂ ಅಂಥ ಅಂಚು ಅವಳಿಗೆ ಒಲಿದಿರಲಿಲ್ಲ. ಒಂದೇ ಒಂದು ಅಕ್ಷರ, ಮುದಿಗೈ ನಡುಗಿ, ಕೂದಲೆಳೆಯಷ್ಟು ವಾಲಿತ್ತು.

ಅದನ್ನು ಹಾಗೇ ಬಿಡಲು ಅವಳಿಂದ ಆಗಲಿಲ್ಲ. ಬಟ್ಟೆ ಕೆಳಗಿಟ್ಟು ಸಣ್ಣ ಬ್ರಷ್ ತೆಗೆದುಕೊಂಡಳು. ಐದು ಗಂಟೆ ಹೊಡೆದಾಗ, ತನ್ನನ್ನೇ ಬೈದುಕೊಳ್ಳುತ್ತ, ಅಳುತ್ತ, ಆ ಅಕ್ಷರವನ್ನು ನೆಟ್ಟಗೆ ಮಾಡುತ್ತಿದ್ದಳು.